ನಿಯಮಿತವಾಗಿ ಕುಡಿಯುವ ನೀರು ಕೊಡುವುದು ನಗರಾಡಳಿತದ ಕಾನೂನುಬದ್ಧ ಕರ್ತವ್ಯವೇ? ಅದನ್ನು ಕೇಳಿ ಪಡೆಯುವ ದಾರಿ ಯಾವುದು?

ಪ್ರಶ್ನೆ: ಸೇಡಂ ರಸ್ತೆ ನಿವಾಸಿ, ಕಲಬುರಗಿ

ಎಲ್ಲರಿಗೂ ನಮಸ್ಕಾರ. ನಾನು ಕಲಬುರಗಿಯ ಸೇಡಂ ರಸ್ತೆ ಕಡೆಯ ಒಂದು ಬಡಾವಣೆಯಲ್ಲಿ ವಾಸವಾಗಿದ್ದೇನೆ. ನಮ್ಮ ನಿವಾಸಿಗಳ ಸಂಘದ ಪತ್ರವ್ಯವಹಾರವನ್ನು ನಾನೇ ನೋಡಿಕೊಳ್ಳುತ್ತೇನೆ. ನಮ್ಮಲ್ಲಿ ನಳಕ್ಕೆ ನೀರು ಯಾವ ದಿನ ಬರುತ್ತದೆ, ಎಷ್ಟು ಹೊತ್ತಿಗೆ ಬರುತ್ತದೆ ಎಂಬುದು ಯಾರಿಗೂ ಮೊದಲೇ ತಿಳಿದಿರುವುದಿಲ್ಲ. ಮಳೆಗಾಲದಲ್ಲಿ ನಾಲ್ಕೈದು ದಿನಕ್ಕೊಮ್ಮೆ ಬರುತ್ತದೆ. ಬೇಸಿಗೆಯಲ್ಲಿ ವಾರ ಕಳೆದರೂ ಬರುವ ಖಾತರಿ ಇಲ್ಲ. ಬಂದ ದಿನವೂ ಮೊದಲು ಬರುವ ಕದಡಿದ ನೀರನ್ನು ಚರಂಡಿಗೆ ಬಿಟ್ಟು, ತಿಳಿಯಾದ ಮೇಲೆ ಹಿಡಿಯಬೇಕು. ನೆಲದಡಿ ದೊಡ್ಡ ಟಾಕಿ ಕಟ್ಟಿಸಿಕೊಂಡವರು ಹೇಗೋ ನಿಭಾಯಿಸುತ್ತಾರೆ. ಹಿಂದಿನ ಓಣಿಯಲ್ಲಿರುವ ಬಾಡಿಗೆ ಮನೆಯವರು, ಕೂಲಿ ಕುಟುಂಬದವರು ಕೊಡ ಮತ್ತು ಡ್ರಮ್ಮುಗಳಲ್ಲಿ ಹಿಡಿದಿಟ್ಟಷ್ಟೇ ಅವರ ನೀರು. ಗಂಡ ಹೆಂಡತಿ ಇಬ್ಬರೂ ದುಡಿಯಲು ಹೋದ ಮನೆಗೆ ಹಗಲು ಹನ್ನೊಂದಕ್ಕೆ ನೀರು ಬಂದರೆ ಹಿಡಿಯುವವರೇ ಇರುವುದಿಲ್ಲ.

ಈ ಬಗ್ಗೆ ಒಂದು ಕಚೇರಿಯಲ್ಲಿ ವಿಚಾರಿಸಿದರೆ ಇನ್ನೊಂದು ಕಚೇರಿಯತ್ತ ಕೈ ತೋರಿಸುತ್ತಾರೆ, ಅಲ್ಲಿ ಹೋದರೆ ನಿರ್ವಹಣೆಯನ್ನು ಗುತ್ತಿಗೆಗೆ ಕೊಡಲಾಗಿದೆ ಎನ್ನುತ್ತಾರೆ. ನೀರಿನ ಬಿಲ್ಲು ಮಾತ್ರ ತಪ್ಪದೆ ಬರುತ್ತದೆ. ನನ್ನ ಪ್ರಶ್ನೆ ನೇರವಾಗಿದೆ. ನಿವಾಸಿಗಳಿಗೆ ನಿಯಮಿತವಾಗಿ ಕುಡಿಯುವ ನೀರು ಕೊಡಲೇಬೇಕೆಂಬ ಕರ್ತವ್ಯವನ್ನು ಯಾವುದಾದರೂ ಕಾನೂನು ನಗರಾಡಳಿತದ ಮೇಲೆ ಹೊರಿಸಿದೆಯೇ, ಅಥವಾ ಇದು ಅವರ ಅನುಕೂಲಕ್ಕೆ ಬಿಟ್ಟ ಸೌಲಭ್ಯವೇ? ಕರ್ತವ್ಯವೇ ಆಗಿದ್ದರೆ ನಾವು ಯಾರನ್ನು ಕೇಳಬೇಕು? ನೀರು ಬರದ ತಿಂಗಳುಗಳ ಬಿಲ್ಲನ್ನು ಕಟ್ಟದೆ ಇರಬಹುದೇ? ಸಂಘದ ಸಭೆಯಲ್ಲಿ ಕೆಲವರು ಇದನ್ನೇ ಒತ್ತಾಯಿಸುತ್ತಿದ್ದಾರೆ.

ಉತ್ತರ: ಒಬ್ಬ ವಕೀಲ, ಕಲಬುರಗಿ

ಅಕ್ಕನವರೇ, ನಿಮ್ಮ ಮೊದಲ ಪ್ರಶ್ನೆಗೆ ಉತ್ತರ ಹೌದು ಎಂದೇ ಇದೆ. ಕರ್ನಾಟಕ ಮಹಾನಗರ ಪಾಲಿಕೆಗಳ ಅಧಿನಿಯಮ, 1976, ಪಾಲಿಕೆಯ ಕೆಲಸಗಳನ್ನು ಎರಡು ಬಗೆಯಾಗಿ ವಿಂಗಡಿಸುತ್ತದೆ. 58ನೆಯ ಪ್ರಕರಣದಲ್ಲಿ ಮಾಡಲೇಬೇಕಾದವು ಇವೆ, 59ನೆಯ ಪ್ರಕರಣದಲ್ಲಿ ವಿವೇಚನೆಗೆ ಬಿಟ್ಟವು ಇವೆ. ಉದ್ಯಾನ, ವಸ್ತು ಸಂಗ್ರಹಾಲಯದಂಥವುಗಳನ್ನು ಹಣ ಇದ್ದರೆ ಮಾಡಬಹುದು, ಇಲ್ಲದಿದ್ದರೆ ಬಿಡಬಹುದು. ನೀರು ಸರಬರಾಜಿಗೆ ಬೇಕಾದ ಕಾಮಗಾರಿಗಳನ್ನು ನಿರ್ಮಿಸುವುದು ಮತ್ತು ಸುಸ್ಥಿತಿಯಲ್ಲಿ ಇಡುವುದು ಮಾಡಲೇಬೇಕಾದ ಕೆಲಸಗಳ ಸಾಲಿನಲ್ಲಿದೆ, ಅದಕ್ಕೆ ಸಮಂಜಸವೂ ಸಾಕಷ್ಟೂ ಆದ ವ್ಯವಸ್ಥೆ ಮಾಡಬೇಕೆಂಬುದು ಆ ಪ್ರಕರಣದ ಆಶಯ. ಸಂವಿಧಾನದ 74ನೆಯ ತಿದ್ದುಪಡಿಯ ಮೂಲಕ ಬಂದ ಹನ್ನೆರಡನೆಯ ಅನುಸೂಚಿಯಲ್ಲಿಯೂ ಗೃಹಬಳಕೆಯ ನೀರು ಸರಬರಾಜು ನಗರ ಸ್ಥಳೀಯ ಸಂಸ್ಥೆಗಳಿಗೆ ವಹಿಸಬಹುದಾದ ವಿಷಯಗಳಲ್ಲಿ ಒಂದಾಗಿದೆ.

ಇದರ ಮೇಲೆ ಸಂವಿಧಾನದ 21ನೆಯ ಅನುಚ್ಛೇದವಿದೆ. ಸುಭಾಷ್ ಕುಮಾರ್ ವಿರುದ್ಧ ಬಿಹಾರ ರಾಜ್ಯ ಪ್ರಕರಣದಲ್ಲಿ (1991) ಸುಪ್ರೀಂ ಕೋರ್ಟು ಜೀವಿಸುವ ಹಕ್ಕಿನಲ್ಲಿ ಮಾಲಿನ್ಯವಿಲ್ಲದ ನೀರು ಮತ್ತು ಗಾಳಿಯನ್ನು ಪಡೆಯುವ ಹಕ್ಕೂ ಸೇರಿದೆ ಎಂದು ಹೇಳಿತು. ಹೈದರಾಬಾದಿಗೆ ಕುಡಿಯುವ ನೀರು ಕೊಡುವ ಕೆರೆಗಳಿಗೆ ಸಂಬಂಧಿಸಿದ ನಾಯುಡು ಪ್ರಕರಣದಲ್ಲಿ ಇನ್ನೂ ಮುಂದೆ ಹೋಗಿ, ಶುದ್ಧ ಕುಡಿಯುವ ನೀರನ್ನು ಒದಗಿಸುವ ಕರ್ತವ್ಯ ಪ್ರಭುತ್ವದ ಮೇಲಿದೆ ಎಂದಿತು. ಹಣವಿಲ್ಲ ಎಂಬ ಸಬೂಬಿಗೆ ಉತ್ತರ 1980ರ ರತ್ಲಾಮ್ ಪುರಸಭೆಯ ತೀರ್ಪಿನಲ್ಲಿದೆ. ಆ ಪ್ರಕರಣ ನೀರಿನದಲ್ಲ, ತೆರೆದ ಚರಂಡಿ ಮತ್ತು ಹೊಲಸಿನದು. ಆದರೆ ಕಾನೂನು ಹೊರಿಸಿದ ಮೂಲಭೂತ ಕೆಲಸವನ್ನು ಹಣದ ಅಭಾವ ತೋರಿಸಿ ಪುರಸಭೆ ತಪ್ಪಿಸಿಕೊಳ್ಳುವಂತಿಲ್ಲ ಎಂದು ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅವರು ಅಲ್ಲಿ ಬರೆದದ್ದನ್ನು ಇಂದಿಗೂ ನಗರಾಡಳಿತಗಳ ವಿರುದ್ಧದ ಪ್ರಕರಣಗಳಲ್ಲಿ ಆಧಾರವಾಗಿ ಮುಂದಿಡಲಾಗುತ್ತದೆ.

ಎರಡನೆಯ ಪ್ರಶ್ನೆಯೇ ಜನರನ್ನು ಹೆಚ್ಚು ಅಲೆದಾಡಿಸುವುದು. 1973ರ ಅಧಿನಿಯಮದಡಿ ರಚನೆಯಾದ ಕರ್ನಾಟಕ ನಗರ ನೀರು ಸರಬರಾಜು ಮತ್ತು ಒಳಚರಂಡಿ ಮಂಡಳಿ ಯೋಜನೆ ರೂಪಿಸಬಹುದು, ಖಾಸಗಿ ಸಂಸ್ಥೆ ಗುತ್ತಿಗೆ ಪಡೆದು ಕೊಳವೆ ಹಾಕಿ ವಾಲ್ವ್ ತಿರುಗಿಸಬಹುದು. ಅದು ಅವರವರ ನಡುವಿನ ಒಪ್ಪಂದ. ಕೆಲಸವನ್ನು ವಹಿಸಿಕೊಟ್ಟ ಮಾತ್ರಕ್ಕೆ 58ನೆಯ ಪ್ರಕರಣದ ಹೊಣೆ ಪಾಲಿಕೆಯ ಹೆಗಲಿನಿಂದ ಇಳಿಯುವುದಿಲ್ಲ. ಆದ್ದರಿಂದ ನಿಮ್ಮ ಪತ್ರ ಯಾವಾಗಲೂ ಆಯುಕ್ತರ ಹೆಸರಿಗೇ ಇರಲಿ, ಉಳಿದ ಕಚೇರಿಗಳಿಗೆ ಪ್ರತಿ ಕಳುಹಿಸಿ.

ಬಿಲ್ಲು ಕಟ್ಟುವುದನ್ನು ನಿಲ್ಲಿಸಬೇಡಿ ಎಂದು ಕಳಕಳಿಯಿಂದ ಹೇಳುತ್ತೇನೆ. ಬಾಕಿ ಉಳಿದ ಕ್ಷಣ ನೀವು ಫಿರ್ಯಾದುದಾರರಲ್ಲ, ಸುಸ್ತಿದಾರರು. ಆಗ ನಳದ ಸಂಪರ್ಕ ಕಡಿತದ ನೋಟಿಸಿಗೆ ಉತ್ತರ ಕೊಡುವುದರಲ್ಲೇ ನಿಮ್ಮ ಶ್ರಮ ಮುಗಿಯುತ್ತದೆ. ಆಕ್ಷೇಪಣೆಯನ್ನು ಬರಹದಲ್ಲಿ ದಾಖಲಿಸಿ ಹಣ ಕಟ್ಟಿ, ರಶೀದಿಯನ್ನು ಜೋಪಾನ ಮಾಡಿ.

ಉತ್ತರ: ನಿವೃತ್ತ ಎಂಜಿನಿಯರ್, ಕಲಬುರಗಿ

ವಕೀಲರು ಕಾನೂನಿನ ಬಗ್ಗೆ ಹೇಳಿದ್ದು ಸರಿಯಾಗಿದೆ. ನಾನು ನೀರು ಸರಬರಾಜಿನ ಕೆಲಸದಲ್ಲೇ ಬದುಕು ಕಳೆದವನು, ಹಾಗಾಗಿ ಪ್ರಶ್ನೆಯಲ್ಲಿರುವ "ನಿಯಮಿತವಾಗಿ" ಎಂಬ ಅಂಶಕ್ಕೆ ಹೆಚ್ಚು ಒತ್ತು ಕೊಡಬೇಕೆಂದು ನನಗೆ ಅನಿಸುತ್ತದೆ. ದಿನಕ್ಕೆ ಇಷ್ಟು ಗಂಟೆ ನೀರು ಬಿಡಬೇಕೆಂದು 1976ರ ಅಧಿನಿಯಮ ಹೇಳುವುದಿಲ್ಲ. ಪ್ರಮಾಣದ ಮಾತು ಬರುವುದು ಜಲನೀತಿಯಲ್ಲಿ. ಕರ್ನಾಟಕ ರಾಜ್ಯ ಜಲನೀತಿ 2002 ತಲಾ ದಿನವೊಂದಕ್ಕೆ ಗ್ರಾಮಾಂತರದಲ್ಲಿ 55 ಲೀಟರ್, ಪಟ್ಟಣಗಳಲ್ಲಿ 70, ನಗರಸಭೆ ವ್ಯಾಪ್ತಿಯಲ್ಲಿ 100 ಮತ್ತು ಮಹಾನಗರ ಪಾಲಿಕೆ ವ್ಯಾಪ್ತಿಯಲ್ಲಿ 135 ಲೀಟರ್ ಎಂಬ ಗುರಿಯನ್ನು ಇಟ್ಟುಕೊಂಡಿತು. ನೀರು ಸರಬರಾಜಿನ ಬಗ್ಗೆ ಕೇಂದ್ರ ಸರ್ಕಾರ ಹೊರತಂದ ಕೈಪಿಡಿಯಲ್ಲೂ ಒಳಚರಂಡಿ ಇರುವ ನಗರಗಳಿಗೆ 135 ಲೀಟರ್ ಎಂದೇ ಇದೆ.

ಈ 135ರ ಲೆಕ್ಕವನ್ನು ಐದು ಜನರ ಮನೆಗೆ ಹಾಕಿ ನೋಡಿ. ದಿನಕ್ಕೆ 675 ಲೀಟರ್ ಆಯಿತು. ಐದು ದಿನಕ್ಕೊಮ್ಮೆ ನೀರು ಬಿಟ್ಟರೆ ಆ ಒಂದೇ ಸರದಿಯಲ್ಲಿ ಮನೆಗೆ 3,375 ಲೀಟರ್ ಸೇರಬೇಕು. ನಿಮಿಷಕ್ಕೆ ಹತ್ತು ಲೀಟರ್ ಬರುವ ನಳದಲ್ಲಿ ಎರಡು ತಾಸಿಗೆ 1,200 ಲೀಟರ್ ಬರುತ್ತದೆ, ಉಳಿದದ್ದು ಬರಲು ಮತ್ತೂ ಮೂರೂವರೆ ತಾಸಿಗಿಂತ ಹೆಚ್ಚು ಬೇಕು. ಬಂದರೂ ಅಷ್ಟನ್ನು ತುಂಬಿಡುವ ಟಾಕಿ ಎಷ್ಟು ಮನೆಗಳಲ್ಲಿದೆ? ನಗರಕ್ಕೆ ಒಟ್ಟು ಬಿಟ್ಟ ನೀರನ್ನು ಜನಸಂಖ್ಯೆಯಿಂದ ಭಾಗಿಸಿ, ಗುರಿ ಮುಟ್ಟಿದೆ ಎಂದು ಕಾಗದದ ಮೇಲೆ ತೋರಿಸುವುದು ಸುಲಭ. ಆದರೆ ದಿನ ಬಿಟ್ಟು ದಿನ ನೀರು ಕೊಡುವ ಪದ್ಧತಿಯಲ್ಲಿ ನೀರನ್ನು ಕೂಡಿಡುವ ಖರ್ಚು ನಗರಾಡಳಿತದಿಂದ ಮನೆಗಳಿಗೆ ವರ್ಗವಾಗುತ್ತದೆ, ಮತ್ತು ಆ ಖರ್ಚು ಮಾಡಲಾಗದ ಮನೆಗೆ ಅದರ ಪಾಲಿನ ನೀರೇ ಸಿಗುವುದಿಲ್ಲ. ಹಿಂದಿನ ಓಣಿಯವರ ಬಗ್ಗೆ ಪ್ರಶ್ನೆ ಕೇಳಿದವರು ಬರೆದದ್ದು ಇದೇ. ನಿಯಮಿತತೆ ಇಲ್ಲದ ಕಡೆ ಸಮಾನತೆಯೂ ಇಲ್ಲ ಎಂಬುದು ನನ್ನ ದೃಢವಾದ ಅಭಿಪ್ರಾಯ.

ಕದಡಿದ ನೀರಿನ ಕಾರಣವೂ ಇದರಲ್ಲೇ ಇದೆ. ಕೊಳವೆಯಲ್ಲಿ ಸದಾ ಒತ್ತಡ ಇದ್ದರೆ ಬಿರುಕಿನಿಂದ ನೀರು ಹೊರಗೆ ಸೋರುತ್ತದೆ, ಹೊರಗಿನದು ಒಳಗೆ ಬರಲಾರದು. ನೀರು ನಿಂತು ಕೊಳವೆ ಬರಿದಾದಾಗ ಒಳಗೆ ನಿರ್ವಾತ ಉಂಟಾಗಿ, ಅದೇ ಬಿರುಕಿನಿಂದ ಪಕ್ಕದ ಚರಂಡಿಯ ಹೊಲಸನ್ನು ಒಳಗೆ ಎಳೆದುಕೊಳ್ಳುತ್ತದೆ. ನಳಕ್ಕೆ ನೇರವಾಗಿ ಮೋಟರ್ ಹಚ್ಚಿ ನೀರು ಎಳೆದಾಗಲೂ ಹೀಗೆಯೇ ಆಗುತ್ತದೆ. ಮೋಟರ್ ಹಚ್ಚುವವರು ನಿಮ್ಮ ಓಣಿಯಲ್ಲೂ ಇದ್ದರೆ ಅವರಿಗೆ ಮೊದಲು ತಿಳಿಹೇಳಿ, ಏಕೆಂದರೆ ತುದಿಯ ಮನೆಗೆ ನೀರು ಮುಟ್ಟದಿರಲು ಅದೂ ಒಂದು ಕಾರಣ. ಮನೆಯ ನಳದ ತುದಿಯಲ್ಲಿ ಲೀಟರಿಗೆ ಕನಿಷ್ಠ 0.2 ಮಿಲಿಗ್ರಾಂ ಕ್ಲೋರಿನ್ ಉಳಿದಿರಬೇಕೆಂದು ಭಾರತೀಯ ಮಾನಕ 10500 ಹೇಳುತ್ತದೆ. ಇದನ್ನು ನೋಡಲು ಪ್ರಯೋಗಾಲಯವೇ ಬೇಕೆಂದಿಲ್ಲ. ಕ್ಲೋರೋಸ್ಕೋಪ್ ಎಂಬ ಸಣ್ಣ ಪೆಟ್ಟಿಗೆಯಲ್ಲಿರುವ ಗಾಜಿನ ನಳಿಕೆಗೆ ನಳದ ನೀರನ್ನು ಹಿಡಿದು, ಅದರೊಂದಿಗೆ ಬರುವ ದ್ರಾವಣವನ್ನು ಕೆಲವು ಹನಿ ಹಾಕಿದರೆ, ಕ್ಲೋರಿನ್ ಇದ್ದಲ್ಲಿ ನೀರು ಹಳದಿಯಾಗುತ್ತದೆ. ಪೆಟ್ಟಿಗೆಯ ಪಕ್ಕದಲ್ಲಿರುವ ಬಣ್ಣದ ಪಟ್ಟಿಯೊಂದಿಗೆ ಆ ಹಳದಿಯನ್ನು ಹೋಲಿಸಿ ಪ್ರಮಾಣವನ್ನು ಓದಬಹುದು. ಬಣ್ಣವೇ ಬರದಿದ್ದರೆ ಆ ನೀರಿನಲ್ಲಿ ಕ್ಲೋರಿನ್ ಉಳಿದಿಲ್ಲ, ಕಾಯಿಸದೆ ಕುಡಿಯಬೇಡಿ. ಪರೀಕ್ಷೆ ಮಾಡುವಾಗ ಪಾಲಿಕೆಯ ಸಿಬ್ಬಂದಿಯನ್ನೂ ಕರೆದು, ಅವರ ಎದುರಿನಲ್ಲೇ ಮಾಡಿಸಿ ಬರೆದಿಟ್ಟುಕೊಳ್ಳುವುದು ಒಳ್ಳೆಯದು.

ಇಷ್ಟು ಹೇಳಿದ ಮೇಲೆ ಮೂಲದ ಮಾತನ್ನೂ ಹೇಳಬೇಕು. ನಮ್ಮ ನಗರಕ್ಕೆ ನೀರು ಬರುವುದು ಸರಡಗಿ ಬಳಿ ಭೀಮಾ ನದಿಯಿಂದ ಮತ್ತು ಬೆಣ್ಣೆತೊರಾ ಜಲಾಶಯದಿಂದ. ಭೀಮೆಯ ಮೇಲ್ಭಾಗದಲ್ಲಿ ಮಹಾರಾಷ್ಟ್ರದ ಉಜನಿ ಅಣೆಕಟ್ಟೆ ಇದೆ. ಮಳೆ ಕೈಕೊಟ್ಟ ವರ್ಷ ನದಿಯ ಪಾತ್ರ ಬಂಡೆಗಳಾಗಿ ಕಾಣುತ್ತದೆ, 2024ರ ಬೇಸಿಗೆಯಲ್ಲಿ ನಾವೆಲ್ಲ ಅದನ್ನು ನೋಡಿದ್ದೇವೆ. ಅಂಥ ತಿಂಗಳುಗಳಲ್ಲಿ ಕೊರತೆ ನಿಜವೇ. ಆದರೆ ನದಿ ತುಂಬಿ ಹರಿಯುವ ಆಗಸ್ಟಿನಲ್ಲೂ ಒಂದು ಬಡಾವಣೆಗೆ ಐದು ದಿನಕ್ಕೊಮ್ಮೆಯೇ ನೀರು ಬರುತ್ತದೆಂದರೆ ಅದು ಮೂಲದ ಕೊರತೆಯಲ್ಲ, ವಿತರಣೆಯ ಕೊರತೆ. ವಿಶ್ವ ಬ್ಯಾಂಕಿನ ನೆರವಿನ ಯೋಜನೆಯಡಿ ಹುಬ್ಬಳ್ಳಿ, ಧಾರವಾಡ, ಬೆಳಗಾವಿಗಳ ಜೊತೆ ಇದೇ ಕಲಬುರಗಿಯ ಆಯ್ದ ಭಾಗಗಳಲ್ಲಿ 2008ರ ಸುಮಾರಿಗೆ ದಿನದ 24 ಗಂಟೆಯೂ ನೀರು ಹರಿಯಲು ಆರಂಭವಾಯಿತು. ಹಳೆಯ ಕೊಳವೆಗಳನ್ನು ತೆಗೆದು ಹೊಸದನ್ನು ಹಾಕಿ, ಪ್ರತಿ ಮನೆಗೂ ಮೀಟರ್ ಕೂರಿಸಿದ್ದರಿಂದ ಅದು ಸಾಧ್ಯವಾಯಿತು. ನಮ್ಮ ನೆಲದಲ್ಲಿ, ನಮ್ಮ ಬಿಸಿಲಿನಲ್ಲಿ ಇದು ಆಗದ ಕೆಲಸ ಎಂದು ಯಾರೂ ಹೇಳಲಾರರು.

ಉತ್ತರ: ಓದುಗ, ಯಾದಗಿರಿ

ನಮ್ಮದು ನಗರಸಭೆಯ ವ್ಯಾಪ್ತಿಯ ಊರು. ಭೀಮೆ ಊರಿನ ಪಕ್ಕದಲ್ಲೇ ಹರಿಯುತ್ತಾಳೆ, ಆದರೂ ಬೇಸಿಗೆಯಲ್ಲಿ ಕೊಡ ಹಿಡಿದು ಸಾಲು ನಿಲ್ಲುವ ಓಣಿಗಳು ನಮ್ಮಲ್ಲೂ ಇವೆ. ಮೇಲೆ ಹೇಳಿದ 1976ರ ಕಾನೂನು ನಮಗೆ ಅನ್ವಯಿಸುವುದಿಲ್ಲ ಎಂದು ತಿಳಿದಿದ್ದೇನೆ. ಪುರಸಭೆ ಮತ್ತು ನಗರಸಭೆಗಳ ಊರಿನವರಿಗೆ ಯಾವ ಆಧಾರವಿದೆ? ಇನ್ನೊಂದು ವಿಷಯವಿದೆ. ನಾನು ಇರುವುದು ಕೃಷಿ ಜಮೀನಿನಲ್ಲಿ ಅನುಮೋದನೆ ಇಲ್ಲದೆ ಎದ್ದ ಬಡಾವಣೆ. ನಿಮ್ಮ ನಿವೇಶನವೇ ಸಕ್ರಮವಲ್ಲ, ನೀರು ಕೇಳುವ ಹಕ್ಕು ಎಲ್ಲಿಂದ ಬಂತು ಎಂದು ಕೇಳಿದಾಗ ನಮಗೆ ಮಾತೇ ಹೊರಡುವುದಿಲ್ಲ. ಜೀವನವಿಡೀ ದುಡಿದು ಉಳಿಸಿದ ಹಣ ಹಾಕಿ ಮನೆ ಕಟ್ಟಿದವರು ನಾವು. ಮಾರಿದವರು ಯಾರೂ ಈಗ ಎದುರಿಗೆ ಇಲ್ಲ.

ಉತ್ತರ: ಒಬ್ಬ ವಕೀಲ, ಕಲಬುರಗಿ

ಯಾದಗಿರಿಯ ಅಣ್ಣನವರೇ, ನಗರಸಭೆ ಮತ್ತು ಪುರಸಭೆಗಳಿಗೆ ಕರ್ನಾಟಕ ಪುರಸಭೆಗಳ ಅಧಿನಿಯಮ, 1964 ಇದೆ. ಅದರ 87ನೆಯ ಪ್ರಕರಣ ಕಡ್ಡಾಯ ಕೆಲಸಗಳನ್ನು ಹೇಳುತ್ತದೆ. ಈಗಿರುವ ನೀರು ಸಾಲದೆ ಅಥವಾ ಕೆಟ್ಟದ್ದಾಗಿ ಜನರ ಆರೋಗ್ಯಕ್ಕೆ ಅಪಾಯ ಬರದಂತೆ ಸಾಕಷ್ಟು ನೀರನ್ನು ಪಡೆಯುವುದು ಅದರಲ್ಲಿ ಸೇರಿದೆ. ಸಮಂಜಸವಾದ ವೆಚ್ಚದಲ್ಲಿ ದೊರೆಯುವುದಾದರೆ ಎಂಬ ಷರತ್ತೂ ಅಲ್ಲಿದೆ. ನದಿಯ ದಡದಲ್ಲಿರುವ ಊರು ಆ ಷರತ್ತಿನ ಮರೆಯಲ್ಲಿ ನಿಲ್ಲುವುದು ಕಷ್ಟವೆಂದು ನನಗನಿಸುತ್ತದೆ.

ಅನುಮೋದನೆ ಇಲ್ಲದ ಬಡಾವಣೆಯ ಬಗ್ಗೆ ನೀವು ಎದೆಗುಂದಬೇಕಾಗಿಲ್ಲ. ಮುಂಬಯಿಯ ಕೊಳೆಗೇರಿ ನಿವಾಸಿಗಳ ಪರವಾಗಿ ಪಾನಿ ಹಕ್ ಸಮಿತಿ ಹೂಡಿದ ಪ್ರಕರಣದಲ್ಲಿ 2014ರ ಡಿಸೆಂಬರಿನಲ್ಲಿ ಬಾಂಬೆ ಹೈಕೋರ್ಟು, ಮನೆ ಕಾನೂನುಬಾಹಿರ ಎಂಬ ಕಾರಣಕ್ಕೆ ಅಲ್ಲಿ ವಾಸಿಸುವ ಮನುಷ್ಯನಿಗೆ ಕುಡಿಯುವ ನೀರನ್ನೇ ನಿರಾಕರಿಸುವಂತಿಲ್ಲ, ಅದು 21ನೆಯ ಅನುಚ್ಛೇದಕ್ಕೆ ವಿರುದ್ಧ ಎಂದು ಹೇಳಿತು. ಸಕ್ರಮ ಮನೆಗಳಷ್ಟೇ ಪ್ರಮಾಣದಲ್ಲಿ ಕೊಡಬೇಕೆಂದಿಲ್ಲ, ದರವೂ ಹೆಚ್ಚಿರಬಹುದು ಎಂಬುದನ್ನೂ ಅದೇ ತೀರ್ಪು ಒಪ್ಪಿತು. ಪೀಠದ ಮುಖ್ಯಸ್ಥರಾಗಿದ್ದ ನ್ಯಾಯಮೂರ್ತಿ ಅಭಯ್ ಓಕಾ ಅವರು ಮುಂದೆ ನಮ್ಮ ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಗಳಾಗಿ ಬಂದರು. ಬೇರೆ ಹೈಕೋರ್ಟಿನ ತೀರ್ಪು ನಮ್ಮ ಹೈಕೋರ್ಟನ್ನು ಕಟ್ಟಿಹಾಕುವುದಿಲ್ಲ, ಆದರೆ ಅದರ ತರ್ಕವನ್ನು ಇಲ್ಲಿ ಮುಂದಿಡಲು ಅಡ್ಡಿಯಿಲ್ಲ. ನೀರು ಕೊಟ್ಟರೆ ಬಡಾವಣೆ ಸಕ್ರಮವಾದಂತೆ ಎಂಬ ಭಯ ಅಧಿಕಾರಿಗಳಿಗೆ ಇರುತ್ತದೆ. ನಿಮ್ಮ ಅರ್ಜಿಯಲ್ಲಿ, ನಿವೇಶನದ ಸಕ್ರಮವನ್ನು ನಾವು ಇಲ್ಲಿ ಕೇಳುತ್ತಿಲ್ಲ, ನೀರನ್ನು ಮಾತ್ರ ಕೇಳುತ್ತಿದ್ದೇವೆ ಎಂದು ಸ್ಪಷ್ಟವಾಗಿ ಬರೆದರೆ ಆ ಭಯ ಕಡಿಮೆಯಾಗುತ್ತದೆ.

ಈಗ ನ್ಯಾಯ ಕೇಳುವ ವೇದಿಕೆ. ಎಲ್ಲರೂ ಮೊದಲು ಹೈಕೋರ್ಟನ್ನೇ ನೆನೆಯುತ್ತಾರೆ. 2013ರಿಂದ ಕಲಬುರಗಿಯಲ್ಲಿ ಹೈಕೋರ್ಟಿನ ಖಾಯಂ ಪೀಠ ಇರುವುದರಿಂದ ಬೆಂಗಳೂರಿಗೆ ಓಡುವ ಅಗತ್ಯವಿಲ್ಲ ಎಂಬುದೂ ನಿಜ. ಆದರೆ ಸಂವಿಧಾನದ 226ನೆಯ ಅನುಚ್ಛೇದದಡಿ ಪರಮಾದೇಶ, ಅಂದರೆ ಕರ್ತವ್ಯವನ್ನು ಮಾಡಿ ಎಂದು ಹೈಕೋರ್ಟು ಅಧಿಕಾರಿಗೆ ಕೊಡುವ ಆಜ್ಞೆ, ಕೇಳುವವರು ಮೊದಲು ಲಿಖಿತವಾಗಿ ಬೇಡಿಕೆ ಇಟ್ಟಿದ್ದು, ಅದನ್ನು ಅಧಿಕಾರಿ ನಿರಾಕರಿಸಿದ್ದನ್ನು ಅಥವಾ ಉತ್ತರಿಸದೆ ಬಿಟ್ಟದ್ದನ್ನು ತೋರಿಸಬೇಕು. ಮೌಖಿಕ ದೂರಿಗೆ ಅಲ್ಲಿ ಬೆಲೆ ಇಲ್ಲ.

ಅದಕ್ಕಿಂತ ಹತ್ತಿರದ ಬಾಗಿಲು ಖಾಯಂ ಜನತಾ ನ್ಯಾಯಾಲಯ, ಅದು ಕಲಬುರಗಿಯಲ್ಲೂ ಇದೆ. ಕಾನೂನು ಸೇವಾ ಪ್ರಾಧಿಕಾರಗಳ ಅಧಿನಿಯಮ, 1987ಕ್ಕೆ 2002ರಲ್ಲಿ ಸೇರಿಸಿದ ಅಧ್ಯಾಯದ ಪ್ರಕಾರ ಸಾರ್ವಜನಿಕರಿಗೆ ನೀರು ಪೂರೈಸುವುದು ಸಾರ್ವಜನಿಕ ಉಪಯುಕ್ತ ಸೇವೆ, ಅದರ ಬಗೆಗಿನ ತಕರಾರನ್ನು ಅಲ್ಲಿಗೆ ಒಯ್ಯಬಹುದು. ನ್ಯಾಯಾಲಯ ಶುಲ್ಕವಿಲ್ಲ. ಆಗಾಗ ನಡೆಯುವ ಲೋಕ ಅದಾಲತ್ತಿನ ಹಾಗೆ ಇದು ರಾಜಿಗಷ್ಟೇ ಸೀಮಿತವಲ್ಲ. ರಾಜಿ ಆಗದಿದ್ದರೆ ವಿಷಯದ ಗುಣಾವಗುಣದ ಮೇಲೆ ತಾನೇ ತೀರ್ಮಾನ ಕೊಡುವ ಅಧಿಕಾರ ಅದಕ್ಕಿದೆ, ಆ ತೀರ್ಮಾನಕ್ಕೆ ಸಿವಿಲ್ ನ್ಯಾಯಾಲಯದ ಡಿಕ್ರಿಯ ಬಲವಿದೆ. ಒಂದು ಎಚ್ಚರಿಕೆ ಇರಲಿ. ಅಲ್ಲಿ ಅರ್ಜಿ ಹಾಕಿದ ಮೇಲೆ ಅದೇ ತಕರಾರನ್ನು ಬೇರೆ ನ್ಯಾಯಾಲಯಕ್ಕೆ ಒಯ್ಯುವಂತಿಲ್ಲ, ಈಗಾಗಲೇ ನ್ಯಾಯಾಲಯದಲ್ಲಿರುವ ತಕರಾರನ್ನು ಅಲ್ಲಿಗೆ ತರುವಂತೆಯೂ ಇಲ್ಲ. ಒಂದು ಮನೆಗೆ, ಒಂದು ಓಣಿಗೆ ನಿಯಮಿತವಾಗಿ ನೀರು ಬರಬೇಕೆಂದಿದ್ದರೆ ಅದು ಸೂಕ್ತ ವೇದಿಕೆ. ಇಡೀ ನಗರದ ವ್ಯವಸ್ಥೆಯೇ ಬದಲಾಗಬೇಕೆಂದಿದ್ದರೆ ಹೈಕೋರ್ಟಿನಲ್ಲಿ ಸಾರ್ವಜನಿಕ ಹಿತಾಸಕ್ತಿ ಅರ್ಜಿಯೇ ಸರಿ.

ಪ್ರಶ್ನೆ ಕೇಳಿದವರು: ಸೇಡಂ ರಸ್ತೆ ನಿವಾಸಿ, ಕಲಬುರಗಿ

ಇಷ್ಟು ವಿವರವಾಗಿ ಉತ್ತರಿಸಿದ ಎಲ್ಲರಿಗೂ ಕೃತಜ್ಞತೆಗಳು. ಬಿಲ್ಲು ನಿಲ್ಲಿಸುವ ವಿಚಾರವನ್ನು ಸಂಘದ ಸಭೆಯಲ್ಲಿ ಕೈಬಿಡಲು ಹೇಳುತ್ತೇನೆ. ನಮ್ಮ ಬಡಾವಣೆಗೆ ನೀರು ಬಿಟ್ಟದ್ದಕ್ಕೆ ಏನು ದಾಖಲೆ ಇರುತ್ತದೆ ಎಂಬುದು ತಿಳಿಯದೆ ದೂರು ಬರೆಯುವುದು ಹೇಗೆ ಎಂಬ ಅನುಮಾನ ಉಳಿದಿದೆ. ನಾಲ್ಕು ದಿನಕ್ಕೊಮ್ಮೆ ತಪ್ಪದೆ ಬಿಡುತ್ತಿದ್ದೇವೆ ಎಂದು ಅವರು ಹೇಳಿದರೆ, ಇಲ್ಲವೆಂದು ನಾವು ಹೇಗೆ ತೋರಿಸಬೇಕು?

ಉತ್ತರ: ನಿವೃತ್ತ ಎಂಜಿನಿಯರ್, ಕಲಬುರಗಿ

ತಾಯೀ, ನೀವು ಕೇಳಿದ್ದೇ ಅತ್ಯಂತ ಮುಖ್ಯವಾದದ್ದು. ಓವರ್‌ಹೆಡ್ ಟ್ಯಾಂಕಿನ ಬಳಿ ಒಂದು ಲಾಗ್ ಪುಸ್ತಕ ಇಡಬೇಕೆಂಬುದು ಈ ಕೆಲಸದ ರೂಢಿ. ಟ್ಯಾಂಕಿಗೆ ಎಷ್ಟು ಹೊತ್ತಿಗೆ ನೀರು ಏರಿತು, ಮಟ್ಟ ಎಷ್ಟಿತ್ತು, ಯಾವ ಬಡಾವಣೆಯ ವಾಲ್ವನ್ನು ಎಷ್ಟು ಗಂಟೆಗೆ ತೆರೆದರು, ಎಷ್ಟು ಗಂಟೆಗೆ ಮುಚ್ಚಿದರು, ಕ್ಲೋರಿನ್ ಎಷ್ಟಿತ್ತು ಎಂಬುದನ್ನು ಅದರಲ್ಲಿ ಬರೆಯುತ್ತಾರೆ. ವಾಲ್ವ್‌ಮ್ಯಾನ್‌ಗಳನ್ನು ಇದರಲ್ಲಿ ದೂಷಿಸಬೇಡಿ. ಉದ್ದನೆಯ ಕಬ್ಬಿಣದ ಚಾವಿ ಹೆಗಲ ಮೇಲಿಟ್ಟುಕೊಂಡು, ನಡುರಾತ್ರಿಯೂ ಗುಂಡಿಯೊಳಗೆ ಬಗ್ಗಿ ವಾಲ್ವ್ ತಿರುಗಿಸುವ ಆ ಜನರಿಗೆ ಸಿಗುವ ಸಂಬಳವೂ ಅಲ್ಪ, ಕೆಲಸದ ಭದ್ರತೆಯೂ ಅಲ್ಪ. ಯಾವ ಓಣಿಗೆ ಎಷ್ಟು ಹೊತ್ತು ಎಂದು ತೀರ್ಮಾನಿಸುವವರು ಅವರಲ್ಲ.

ಆ ಲಾಗ್ ಪುಸ್ತಕವನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ. ಅದು ಸಿಗುವವರೆಗೆ ನಿಮ್ಮ ಕಡೆಯಿಂದಲೂ ಒಂದು ಪುಸ್ತಕ ಇಡಿ. ಓಣಿಗೆ ಒಬ್ಬರಂತೆ ಮೂರು ಮನೆಯವರು, ಒಂದು ಎತ್ತರದ ಜಾಗದಲ್ಲಿ, ಒಂದು ತಗ್ಗಿನಲ್ಲಿ, ಒಂದು ಕೊಳವೆಯ ತುದಿಯಲ್ಲಿ, ನೀರು ಬಂದ ಮತ್ತು ನಿಂತ ಸಮಯವನ್ನು ಬರೆದು ಸಹಿ ಮಾಡಲಿ. ಎರಡು ಪುಸ್ತಕಗಳನ್ನು ಪಕ್ಕಪಕ್ಕದಲ್ಲಿಟ್ಟರೆ ಅಂತರ ತಾನಾಗಿಯೇ ಕಾಣುತ್ತದೆ. ಟ್ಯಾಂಕಿನಿಂದ ಬಿಟ್ಟದ್ದು ನಿಜ, ತುದಿಗೆ ಮುಟ್ಟದ್ದೂ ನಿಜ ಎಂದು ತಿಳಿದುಬಂದರೆ ದೋಷ ಕೊಳವೆಯಲ್ಲಿದೆ, ಅದಕ್ಕೆ ಬೇಕಾದದ್ದು ಬೇರೆ ಕಾಮಗಾರಿ.

ಉತ್ತರ: ಒಬ್ಬ ವಕೀಲ, ಕಲಬುರಗಿ

ಎಂಜಿನಿಯರ್ ಸಾಹೇಬರ ಸಲಹೆಗೆ ನನ್ನ ಸಂಪೂರ್ಣ ಒಪ್ಪಿಗೆ ಇದೆ. ಕರ್ನಾಟಕದ ನಿಯಮಗಳ ಪ್ರಕಾರ ಮಾಹಿತಿ ಹಕ್ಕಿನ ಅರ್ಜಿ ಒಂದೇ ವಿಷಯಕ್ಕೆ ಸಂಬಂಧಿಸಿರಬೇಕು ಮತ್ತು ಸಾಮಾನ್ಯವಾಗಿ 150 ಪದಗಳನ್ನು ಮೀರಬಾರದು. ದೊಡ್ಡದಾಗಿ ಬರೆದ ಎಷ್ಟೋ ಅರ್ಜಿಗಳು ಇದೇ ಕಾರಣಕ್ಕೆ ಹಿಂದಿರುಗುತ್ತವೆ. ಶುಲ್ಕ 10 ರೂಪಾಯಿ, ಬಡತನ ರೇಖೆಗಿಂತ ಕೆಳಗಿನವರಿಗೆ ಅದೂ ಇಲ್ಲ. ಉತ್ತರಕ್ಕೆ 30 ದಿನ. ಬರದಿದ್ದರೆ ಮುಂದಿನ 30 ದಿನಗಳೊಳಗೆ ಮೊದಲ ಮೇಲ್ಮನವಿ. ನೀವು ಹೀಗೆ ಬರೆಯಬಹುದು:

"ಸಾರ್ವಜನಿಕ ಮಾಹಿತಿ ಅಧಿಕಾರಿಗಳಿಗೆ. ವಿಷಯ: ನಮ್ಮ ಬಡಾವಣೆಗೆ ಕುಡಿಯುವ ನೀರು ಬಿಟ್ಟ ದಾಖಲೆಗಳು. ಮಾಹಿತಿ ಹಕ್ಕು ಅಧಿನಿಯಮ, 2005ರ 6ನೆಯ ಪ್ರಕರಣದಡಿ ಕೋರುವುದೇನೆಂದರೆ, ಕಳೆದ ಆರು ತಿಂಗಳಲ್ಲಿ ನಮ್ಮ ಬಡಾವಣೆಗೆ ನೀರು ಒದಗಿಸುವ ಓವರ್‌ಹೆಡ್ ಟ್ಯಾಂಕಿನ ಲಾಗ್ ಪುಸ್ತಕದ ದೃಢೀಕೃತ ನಕಲು, ವಾಲ್ವ್ ತೆರೆದ ಮತ್ತು ಮುಚ್ಚಿದ ಸಮಯದ ದಾಖಲೆ, ಕ್ಲೋರಿನ್ ಪರೀಕ್ಷೆಯ ದಾಖಲೆ, ಹಾಗೂ ನೀರು ಬಿಡುವ ಸರದಿಯನ್ನು ನಿಗದಿಪಡಿಸಿದ ಆದೇಶದ ನಕಲನ್ನು ಒದಗಿಸಬೇಕು. ದಾಖಲೆ ಬೇರೆ ಕಚೇರಿಯಲ್ಲಿದ್ದರೆ 6(3)ನೆಯ ಉಪಪ್ರಕರಣದಂತೆ ಈ ಅರ್ಜಿಯನ್ನು ಅಲ್ಲಿಗೆ ವರ್ಗಾಯಿಸಬೇಕು."

ಕೊನೆಯ ವಾಕ್ಯವನ್ನು ಬಿಡಬೇಡಿ. ಒಂದು ಕಚೇರಿಯಿಂದ ಇನ್ನೊಂದಕ್ಕೆ ನೀವು ಅಲೆಯುವ ಬದಲು ಅರ್ಜಿಯನ್ನು ಐದು ದಿನಗಳೊಳಗೆ ಸಂಬಂಧಪಟ್ಟಲ್ಲಿಗೆ ಕಳುಹಿಸುವ ಹೊಣೆ ಆಗ ಅವರದ್ದಾಗುತ್ತದೆ. ಟಪಾಲು ವಿಭಾಗದಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮುದ್ರೆ ಮತ್ತು ದಿನಾಂಕ ಹಾಕಿಸಿಕೊಳ್ಳಿ. ಇದರ ಜೊತೆಯಲ್ಲೇ ಆಯುಕ್ತರಿಗೆ ಪ್ರತ್ಯೇಕ ಬೇಡಿಕೆ ಪತ್ರವನ್ನು 58ನೆಯ ಪ್ರಕರಣವನ್ನು ಉಲ್ಲೇಖಿಸಿ ಕೊಡಿ, ಹಿಂದಿನ ಓಣಿಯ ಬಾಡಿಗೆದಾರರ ಸಹಿಯನ್ನೂ ಅದರಲ್ಲಿ ಹಾಕಿಸಿ. ಮನೆಯ ಮಾಲೀಕರಷ್ಟೇ ಸಹಿ ಹಾಕಬೇಕೆಂಬ ನಿಯಮ ಎಲ್ಲಿಯೂ ಇಲ್ಲ.